ಅಂಜಲೈಗೊಂದು ಒಪ್ಪಾರಿ

ತಾಯಿಯ ಎಡಗಿವಿಯ ಹಿಂದಿನಿಂದ ಹುಬ್ಬಿನವರೆಗೆ ಹರಡಿದ್ದ ಕಪ್ಪು ಕಲೆಯ ಮೇಲೆ ಕೃಷ್ಣವೇಣಿ ಮೂರನೇ ಸಲ ಪೌಡರ್ ಒತ್ತಿದಳು. ತಣ್ಣನೆಯ ಚರ್ಮದ ಮೇಲೆ ಅದು ನಿಲ್ಲಲಿಲ್ಲ, ಸೀರೆಯ ಅಂಚಿಗೆ ಉದುರಿತು.

"ಸೆರಗು ಒಂಚೂರು ಮುಂದ ಎಳಿ, ಕಿವಿ ಮುಚ್ಚತದ," ಅಂದರು ಅತ್ತೆ ವಿದ್ಯಾವತಿ. "ಮಂದಿ ಒಳಗ ಬರೂ ಹೊತ್ತಾತು."

"ಅಮ್ಮ ಯಾವತ್ತೂ ತಲೆ ಮೇಲೆ ಸೆರಗು ಹಾಕ್ಕೊಂಡೋರಲ್ಲ ಅತ್ತೆ."

"ಇವತ್ತು ಹಾಕ್ಕೋತಾರ." ವಿದ್ಯಾವತಿ ತಾವೇ ಸೆರಗು ಎಳೆದು, ಪಿನ್ನು ಚುಚ್ಚಿದರು. "ಮೆಟ್ಟಲಾ ಇಳಿಯೂ ಮುಂದ ಜಾರಿ ಬಿದ್ರು ಅಂತ ಎಲ್ಲಾರಿಗೂ ಹೇಳೀವಿ. ಪೊಲೀಸರಿಗೂ ನೀನ ಹೇಳಿದಿ. ಹೋದವರು ತಿರುಗಿ ಬರಂಗಿಲ್ಲ. ಇದ್ದಾಂವನ್ನ ಉಳಿಸ್ಕೋಬೇಕು."

ಆ ಇದ್ದವನು ಹೊರಗೆ, ಅಮೆರಿಕದ ಡಲ್ಲಾಸಿನ ಶವಾಗಾರದ ಹಜಾರದಲ್ಲಿ, ಬಂದವರ ಕೈ ಹಿಡಿದು ಮಾತಾಡಿಸುತ್ತಿದ್ದ. ಜುಲೈ ತಿಂಗಳ ಸುಡು ಬಿಸಿಲಿನಲ್ಲೂ ಅವಳ ಗಂಡ ವಿನಾಯಕ್ ತುಂಬುತೋಳಿನ ಅಂಗಿ ತೊಟ್ಟು, ಮಣಿಕಟ್ಟಿನ ಗುಂಡಿ ಹಾಕಿಕೊಂಡಿದ್ದ.

*

ಅಂಜಲೈ ಕೆಜಿಎಫ್‌ನ ಗಣಿ ಕಾರ್ಮಿಕರ ಸಾಲುಮನೆಗಳ ಲೈನಿನಲ್ಲಿ ಹುಟ್ಟಿದವಳು. ಮನೆಮಾತು ತಮಿಳು, ಬೀದಿಯ ಮಾತು ಕನ್ನಡ. ಗಣಿಯಲ್ಲಿ ಯಾರಾದರೂ ಸತ್ತರೆ ಅವಳನ್ನು ಕರೆಯುತ್ತಿದ್ದರು. ಹೆಣದ ಪಕ್ಕ ಕೂತು, ಎದೆ ಬಡಿದುಕೊಂಡು, ಸತ್ತವನ ಬದುಕನ್ನೆಲ್ಲ ಹಾಡಿನಲ್ಲಿ ಹೇಳುತ್ತ ಅಳುವುದು ಒಪ್ಪಾರಿ. ಸತ್ತವನಿಗೆ ಆದ ಅನ್ಯಾಯವನ್ನೂ ಅದರಲ್ಲಿ ಹೇಳಬಹುದು, ಯಾರೂ ತಡೆಯುವಂತಿಲ್ಲ.

ಗಂಡ ಮೋಹನರಾಜನಿಗೆ ಅದು ಸಹಿಸುತ್ತಿರಲಿಲ್ಲ. ಊರ ಗಂಡಸರ ಮುಂದೆ ತಲೆ ಕೆದರಿಕೊಂಡು ಕೂರುತ್ತಾಳೆಂದು ಒಂದು ಮಧ್ಯಾಹ್ನ ಬೆಲ್ಟು ಬಿಚ್ಚಿ, ಬಕಲಿನ ಕಡೆಯಿಂದ ಬೀಸಿದ. ಹುಬ್ಬು ಸೀಳಿತು. ಏಳು ವರ್ಷದ ಕೃಷ್ಣವೇಣಿ ಮಂಚದ ಕೆಳಗಿನಿಂದ ನೋಡುತ್ತಿದ್ದಳು. ಅಮ್ಮ ಗಾಯಕ್ಕೆ ಅರಿಶಿನ ಮೆತ್ತಿಕೊಂಡು ಎದ್ದಳು.

"ಎಲ್ಲಿಗೆ ಹೋಗ್ತೀಯಾ?" ಎಂದು ಅವನು ಕೂಗಿದ.

"ಹೆಣ ಕಾಯ್ತಾ ಇದೆ."

ಕಣ್ಣಿನೊಳಕ್ಕೆ ರಕ್ತ ಇಳಿಯುತ್ತಿದ್ದರೂ ಅವಳು ಅಂದು ಹಾಡಿದಳು. ಮರಳಿ ಬಂದಾಗ ಅವನು ಮತ್ತೆ ಬೆಲ್ಟು ಎತ್ತಿದ. ಅವಳು ಮೂಲೆಯಲ್ಲಿದ್ದ ಒನಕೆಯಿಂದ ಅವನ ಮೊಣಕಾಲು ಮುರಿದು, ಮಗಳ ಕೈ ಹಿಡಿದು ಮಾರಿಕುಪ್ಪಂ ರೈಲ್ವೆ ಸ್ಟೇಷನ್ನಿಗೆ ನಡೆದಳು. ಬೆಂಗಳೂರಿನ ಶಾಲೆಯ ಹಾಸ್ಟೆಲಿನಲ್ಲಿ ಮಗಳನ್ನು ಬಿಟ್ಟು, ತಾನು ಮದ್ರಾಸಿಗೆ ಹೋದಳು.

ಅಲ್ಲಿ ಜಾನಪದ ಮೇಳಗಳಲ್ಲಿ ಹಾಡಿ ಹಾಡಿ, ನಲವತ್ತರ ಹೊತ್ತಿಗೆ ಸಿನಿಮಾ ಸೇರಿದಳು. ಸಿಕ್ಕಿದ್ದೆಲ್ಲ ಒದೆ ತಿನ್ನುವ ತಾಯಿಯ ಪಾತ್ರವೇ. ಒಮ್ಮೆ ನಿರ್ದೇಶಕನೊಬ್ಬ, ನಿಜವಾಗಿಯೇ ಹೊಡಿ ಎಂದು ನಾಯಕನಿಗೆ ಗುಟ್ಟಾಗಿ ಹೇಳಿಕೊಟ್ಟಿದ್ದ. ಅಂಜಲೈಯ ಕಿವಿಯ ತಮಟೆ ಒಡೆಯಿತು. ಶಾಟ್ ಮುಗಿಯುವವರೆಗೆ ಬಿದ್ದೇ ಇದ್ದಳು. ಕಟ್ ಅಂದ ಮೇಲೆ ಎದ್ದು, ಸೀರೆ ಕೊಡವಿಕೊಂಡು, ನೂರು ಜನರೆದುರು ನಾಯಕನ ಕೆನ್ನೆಗೆ ಬಾರಿಸಿದಳು. ಮೂರು ವರ್ಷ ಯಾರೂ ಕರೆಯಲಿಲ್ಲ.

ಇದೆಲ್ಲದರ ಬಗ್ಗೆ ಕೃಷ್ಣವೇಣಿಗೆ ನಾಚಿಕೆಯಿತ್ತು. ಹುಬ್ಬಳ್ಳಿಯ ವಿನಾಯಕ್‌ನನ್ನು ಮದುವೆಯಾಗುವಾಗ, ತಾಯಿ ನಟಿ ಎಂದಷ್ಟೇ ಹೇಳಿದ್ದಳು. ಹೆಣದ ಮುಂದೆ ಹಾಡುವವಳೆಂದು ಹೇಳಿರಲಿಲ್ಲ. ಓದಿದ ಗಂಡ, ಡಲ್ಲಾಸ್ ಬಳಿಯ ಫ್ರಿಸ್ಕೋದಲ್ಲಿ ಹೊಸ ಮನೆ. ಅಮ್ಮನ ಬದುಕು ತನ್ನದಾಗುವುದಿಲ್ಲ ಎಂದುಕೊಂಡಿದ್ದಳು.

*

ಜೂನ್‌ನಲ್ಲಿ ಅಂಜಲೈ ಹೂಸ್ಟನ್ ಮತ್ತು ಆಸ್ಟಿನ್‌ನ ತಮಿಳು ಸಂಘಗಳ ಕಾರ್ಯಕ್ರಮಕ್ಕೆಂದು ಬಂದಳು. ಆಸ್ಟಿನ್‌ಗೆ ಮಗಳೇ ಡ್ರೈವ್ ಮಾಡಿದಳು. ದಾರಿಯಲ್ಲಿ ಪೆಟ್ರೋಲ್ ಹಾಕುವಾಗ ಅವಳ ಕುರ್ತಾದ ತೋಳು ಮೇಲೆ ಸರಿದು ನೀಲಿಗಟ್ಟಿದ ಕಲೆ ಕಂಡಿತು.

"ಏನದು, ಕಣ್ಣು?" ಮಗಳನ್ನು ಅಂಜಲೈ ಮುದ್ದಿನಿಂದ ಕರೆಯುತ್ತಿದ್ದುದೇ ಹಾಗೆ, ಕಣ್ಣು ಎಂದು.

"ಕಿಚನ್ ಕ್ಯಾಬಿನೆಟ್ ಬಾಗಿಲು ತಗುಲ್ತು."

ಅಂಜಲೈ ಆ ತೋಳನ್ನು ಕೆಳಗೆಳೆದು ಮುಚ್ಚಿದಳು. "ಬಾಗಿಲು, ಗೋಡೆ, ಬಚ್ಚಲು... ನಾನೂ ಎಲ್ಲಾ ಹೇಳಿದೀನಿ. ನನ್ನ ನೋಡೇ ಕಲ್ತಿದೀಯ ನೀನು." ಆಮೇಲೆ ಕೇಳಿದಳು, "ನನ್ನ ಜೊತೆ ಬಂದ್ಬಿಡ್ತೀಯಾ?"

"ನೀನು ಸುಮ್ನಿರಮ್ಮ. ಎಲ್ಲರೂ ಅಪ್ಪನ ಥರ ಇರಲ್ಲ."

ಅಂಜಲೈ ಊರಿಗೆ ಹೊರಡುವುದನ್ನು ಮುಂದೂಡಿದಳು. ಜುಲೈಯ ಒಂದು ಮಂಗಳವಾರ ಬೆಳಿಗ್ಗೆ, ತನ್ನ ಆಫೀಸಿನ ಮೀಟಿಂಗ್ ನಡೆಯುತ್ತಿದ್ದಾಗ ಹೆಂಡತಿ ಮಿಕ್ಸಿ ಹಾಕಿದಳೆಂದು ವಿನಾಯಕ್ ಅಡುಗೆಮನೆಗೆ ಬಂದು, ಕೃಷ್ಣವೇಣಿಯ ಕೂದಲು ಹಿಡಿದು ಅವಳ ತಲೆಯನ್ನು ಫ್ರಿಜ್ಜಿಗೆ ಬಡಿದ. ಎರಡನೇ ಸಲ ಬಡಿಯುವಷ್ಟರಲ್ಲಿ ಅಂಜಲೈ ಓಡಿಬಂದು ಅವನ ಮುಂಗೈಗೆ ಬಾಯಿ ಹಾಕಿದಳು. ಬಿಡಲಿಲ್ಲ. ಅವನು ಕೊಡವಿದ, ಗುದ್ದಿದ, ಕೊನೆಗೆ ಎರಡೂ ಕೈಯಿಂದ ನೂಕಿದ. ಗ್ರಾನೈಟ್ ಕಟ್ಟೆಯ ಮೂಲೆಗೆ ಅವಳ ತಲೆ ಬಡಿದ ಸದ್ದು ತೆಂಗಿನಕಾಯಿ ಒಡೆದಂತಿತ್ತು.

ಪೂಜೆ ಬಿಟ್ಟು ಮಹಡಿಯಿಂದ ಇಳಿದು ಬಂದ ವಿದ್ಯಾವತಿ ನೋಡಿದರು. ಒರೆಸುವ ಬಟ್ಟೆ ತಂದರು.

ವಿನಾಯಕ್ ನೆಲಕ್ಕೆ ಕುಸಿದು ಅಳುತ್ತಿದ್ದ. "ಜಾರಿ ಬಿದ್ರು ಅಂತ ಹೇಳು, ಕೃಷ್ಣಾ. ನಾ ಜೇಲಿಗೆ ಹೋದ್ರ ನಿನ್ನ ವೀಸಾನೂ ಹೋಗತದ. ಎಲ್ಲಿಗೆ ಹೋಗ್ತಿ ನೀ?"

ಹೇಳಿದಳು. ಪೊಲೀಸರಿಗೆ, ಆಸ್ಪತ್ರೆಯವರಿಗೆ, ಎಲ್ಲರಿಗೂ. ಅಂಜಲೈ ಎಚ್ಚರಗೊಳ್ಳದೆ ಗುರುವಾರ ತೀರಿಕೊಂಡಳು.

*

ಹಜಾರದಲ್ಲಿ ಎಂಬತ್ತು ಜನ ಸೇರಿದ್ದರು. ಹೂಸ್ಟನ್ ಬಳಿಯ ಸ್ಟಾಫರ್ಡ್‌ನಲ್ಲಿ ದಿನಸಿ ಅಂಗಡಿಯಿರುವ ಲಕ್ಷ್ಮೀನಾರಾಯಣ ಅಂಕಲ್ ನಾಲ್ಕು ಗಂಟೆ ಡ್ರೈವ್ ಮಾಡಿಕೊಂಡು ಬಂದಿದ್ದರು. ಅವರೂ ಕೆಜಿಎಫ್‌ನವರು. ಶವಪೆಟ್ಟಿಗೆಯ ಮುಂದೆ ಬಹಳ ಹೊತ್ತು ನಿಂತರು.

"ನಮ್ಮಪ್ಪ ಗಣೀಲಿ ಬಂಡೆ ಬಿದ್ದು ಸತ್ತಾಗ ನಿಮ್ಮಮ್ಮಾನೇ ಬಂದು ಹಾಡಿದ್ದು," ಅಂದರು. "ಹುಬ್ಬಿಂದ ರಕ್ತ ಸೋರ್ತಾ ಇತ್ತು. ಮೇಸ್ತ್ರಿ ಬಂಡೆ ತಡೆಯೋಕೆ ಕೊಳೆತ ಮರ ಊರಿದ್ದ ಅಂತ ಅವನ ಹೆಸರು ಹಿಡಿದೇ ಹಾಡಿದ್ರು. ಅವನು ಅಲ್ಲೇ ನಿಂತಿದ್ದ." ಕಣ್ಣೊರೆಸಿಕೊಂಡರು. "ಎಷ್ಟೋ ಜನಕ್ಕೆ ಹಾಡಿದ ಹೆಂಗಸಮ್ಮ ಇದು. ಇವರಿಗೆ ಒಬ್ಬರೂ ಹಾಡೋರಿಲ್ವಲ್ಲ."

"ಆ ಪದ್ಧತಿ ಎಲ್ಲಾ ಇಲ್ಲಿ ಬ್ಯಾಡ್ರಿ ಅಂಕಲ್," ವಿನಾಯಕ್ ಮೆಲ್ಲಗೆ ಹೇಳಿದ. "ಟೈಮಿಲ್ಲ."

ಕೃಷ್ಣವೇಣಿ ಪೆಟ್ಟಿಗೆಯ ಪಕ್ಕ ನೆಲದ ಮೇಲೆ ಕೂತಳು. ಹಾಡಬೇಕೆಂದು ಕೂತಿದ್ದಲ್ಲ. ಬಾಯಿ ತೆರೆದಾಗ ಅವಳಿಗೇ ಗುರುತಿಲ್ಲದ ಒಡಕು ದನಿ ಬಂತು. ಮೊದಲ ಎರಡು ಸಾಲು ತಮಿಳಿನಲ್ಲಿತ್ತು. ಗಂಡನ ಗೆಳೆಯರು ಅರ್ಥವಾಗದೆ, ಗೌರವದಿಂದ ತಲೆ ತಗ್ಗಿಸಿದ್ದು ಕಂಡಿತು. ಅಲ್ಲಿಗೆ ನಿಲ್ಲಿಸಬಹುದಿತ್ತು. ಅವಳು ಕನ್ನಡಕ್ಕೆ ಹೊರಳಿದಳು.

"ಮೆಟ್ಟಿಲಿಂದ ಬಿದ್ದೆ ಅಂದರಲ್ಲಮ್ಮಾ,
ಮಂಡಿ ನೋವಿನೋಳು ನೀನು ಮೆಟ್ಟಿಲೇ ಹತ್ತಲಿಲ್ಲ.
ಕಲ್ಲಿಗೆ ನಿನ್ನ ನೂಕಿದ ಕೈ ಇಲ್ಲೇ ಇದೆಯಮ್ಮಾ,
ನಿನ್ನ ಹಲ್ಲಿನ ಗುರುತು ಅದೇ ಕೈ ಮೇಲಿದೆ.
ಸುಳ್ಳು ಹೇಳಿದ ನಾಲಿಗೆ ದೂರ ಇಲ್ಲಮ್ಮಾ,
ನೀ ಹಾಲೂಡಿಸಿದ ಈ ಬಾಯೊಳಗೇ ಇದೆ."

ವಿನಾಯಕ್ ನಗಲು ಪ್ರಯತ್ನಿಸಿದ. "ಶಾಕ್‌ನ್ಯಾಗ ಅದಾಳ್ರಿ," ಎಂದು ಪಕ್ಕದವರಿಗೆ ಹೇಳುತ್ತ ಬಂದು ಅವಳ ರಟ್ಟೆ ಹಿಡಿದು ಮೇಲಕ್ಕೆಳೆದ. "ಏಳು. ಸಾಕು."

ಅವಳು ಎದೆ ಬಡಿದುಕೊಳ್ಳುತ್ತ ಅದೇ ಸಾಲನ್ನು ಮತ್ತೆ ಎತ್ತಿದಳು.

ಅವನು ಹೊಡೆದ. ಮನೆಯಲ್ಲಿ ಹೊಡೆಯುವಂತೆಯೇ, ಅಂಗೈಯ ಬುಡದಿಂದ, ದವಡೆಗೆ. ಅವಳ ಹಣೆ ಪೆಟ್ಟಿಗೆಯ ಅಂಚಿಗೆ ಬಡಿಯಿತು. ತುಟಿ ಒಡೆದು ರಕ್ತ ತಾಯಿಯ ಸೆರಗಿನ ಮೇಲೆ ಬಿತ್ತು. ಮತ್ತೆ ಕೈ ಎತ್ತುವಷ್ಟರಲ್ಲಿ ಲಕ್ಷ್ಮೀನಾರಾಯಣ ಅವನ ತೋಳು ತಿರುಚಿದರು. ಗುಂಡಿ ಕಿತ್ತು ಅಂಗಿಯ ತೋಳು ಹರಿಯಿತು. ಮುಂಗೈಯ ಮೇಲೆ, ಮೇಲೊಂದು ಕೆಳಗೊಂದು ಕಮಾನಿನಂತೆ, ಕೀವುಗಟ್ಟಿದ ಹಲ್ಲಿನ ಗುರುತುಗಳಿದ್ದವು. ನಾಲ್ಕು ಗಂಡಸರು ಅವನನ್ನು ಕೆಡವಿ, ಬೆನ್ನಿನ ಮೇಲೆ ಮಂಡಿಯೂರಿ ಕೂತರು. ಶವಾಗಾರದ ಹೆಂಗಸು ಫೋನ್ ಕೈಗೆತ್ತಿಕೊಂಡಳು.

ವಿದ್ಯಾವತಿ ಸೊಸೆಯ ಮುಂದೆ ಮಂಡಿಯೂರಿದರು. "ಹೇಳಬ್ಯಾಡವಾ. ಪೊಲೀಸರ ಮುಂದ ಹೇಳಬ್ಯಾಡ. ಅಂವ ನನ್ನ ಹೊಟ್ಟ್ಯಾಗಿಂದ ಬಂದಾಂವ."

"ನಾನು ಇವಳ ಹೊಟ್ಟೇಲಿ ಹುಟ್ಟಿದೋಳು, ಅತ್ತೆ," ಅಂದಳು ಕೃಷ್ಣವೇಣಿ.

ಹನ್ನೆರಡು ನಿಮಿಷದಲ್ಲಿ ಪೊಲೀಸರು ಬಂದರು. ಬಾಯಿಗೆ ಒತ್ತಿಕೊಂಡಿದ್ದ ಟಿಶ್ಯೂ ತೆಗೆದು ಕೃಷ್ಣವೇಣಿ, ಮಂಗಳವಾರ ತಾನು ಹೇಳಿದ್ದು ಸುಳ್ಳೆಂದು ಇಂಗ್ಲಿಷಿನಲ್ಲಿ ಹೇಳಿದಳು. ನಡೆದದ್ದನ್ನು ಮಿಕ್ಸಿಯಿಂದ ಶುರುಮಾಡಿ ನೆಲ ಒರೆಸಿದ್ದರವರೆಗೆ ಹೇಳಿದಳು. ಪೊಲೀಸ್ ಹೆಂಗಸು ಬರೆದುಕೊಂಡು, ಇವತ್ತು ದಹನ ಮಾಡುವಂತಿಲ್ಲ, ದೇಹವನ್ನು ಇನ್ನೊಮ್ಮೆ ಪರೀಕ್ಷೆಗೆ ಒಯ್ಯಬೇಕು ಎಂದಳು.

ಪೆಟ್ಟಿಗೆಯನ್ನು ಬಿಳಿ ವ್ಯಾನಿಗೆ ಏರಿಸಿದರು. ಕೃಷ್ಣವೇಣಿ ಲಕ್ಷ್ಮೀನಾರಾಯಣರ ಜೊತೆ ಅದರ ಹಿಂದೆ ಹೊರಟಳು. ವಿನಾಯಕ್‌ನನ್ನು ಕೂರಿಸಿಕೊಂಡ ಪೊಲೀಸ್ ಕಾರು ಎದುರು ದಿಕ್ಕಿನ ಗೇಟಿನ ಕಡೆ ತಿರುಗಿತು. ವಿದ್ಯಾವತಿ ಬರಿಗಾಲಿನಲ್ಲೇ ಹೊರಗೆ ಓಡಿಬಂದಿದ್ದರು. ಎರಡೂ ಗಾಡಿಗಳು ಹೋದ ಮೇಲೂ ಪಾರ್ಕಿಂಗ್‌ನ ನಡುವೆ, ಕುದಿಯುವ ಡಾಂಬರಿನ ಮೇಲೆ, ಒಂದು ಕಾಲು ಎತ್ತಿ ಇನ್ನೊಂದು ಊರುತ್ತ, ಅದನ್ನೆತ್ತಿ ಇದನ್ನೂರುತ್ತ, ಯಾವ ಕಡೆಗೂ ಒಂದು ಹೆಜ್ಜೆ ಇಡದೆ ನಿಂತೇ ಇದ್ದರು.