ಮಾರೆಣ್ಣನ ಡಬ್ಬಿಯ ಮೀಸೆ

“ಅಂಟು ಹಿಡೀವಲ್ದು ಉಜ್ಜಿನಪ್ಪಣ್ಣ. ಮೈ ತಣ್ಣಗಾಗೈತಿ,” ಎಂದು ನಾಟಕದ ಬಣ್ಣ ಹಚ್ಚುವ ಮಾರೆಣ್ಣ ಮೀಸೆಯನ್ನು ಮತ್ತೊಮ್ಮೆ ಒತ್ತಿ ಹಿಡಿದ.

“ಇನ್ನೊಂದಿಷ್ಟು ಬಳಿಯೋ. ಕರೂರಿನ ಬೀಗರು ಬರೋ ಹೊತ್ತಾತು. ನನ್ನ ತಮ್ಮ ಹೆಂಗಸಿನ ಮಾರಿ ಹೊತ್ಕೊಂಡು ಹೋದ ಅನ್ನಬಾರ್ದು.”

ಕುರುಗೋಡಿನ ಮನೆಯ ಪಡಸಾಲೆಯಲ್ಲಿ ತೀರಿಹೋದ ತಮ್ಮ ಗವಿಸಿದ್ದಪ್ಪನನ್ನು ಗೋಡೆಗೊರಗಿಸಿ ಕೂರಿಸಿದ್ದರು. ಹಣೆತುಂಬ ವಿಭೂತಿ, ಕೊರಳಲ್ಲಿ ಚೆಂಡುಹೂವಿನ ಹಾರ. ಗೆಳೆಯರೆಲ್ಲ ಕೂಡಿ ಮಾಡುತ್ತಿದ್ದ ಸಣ್ಣಪುಟ್ಟ ಸಿನೆಮಾಗಳಲ್ಲಿ ಹೆಣ್ಣಿನ ಪಾತ್ರವೆಂದರೆ ಅವನೇ. ನಿನ್ನೆ ಸಿರುಗುಪ್ಪದ ಗದ್ದೆಯ ಬದುವಿನ ಮೇಲೆ ಶೂಟಿಂಗ್ ನಡೆದಾಗ, ಉಟ್ಟ ಸೀರೆಯಲ್ಲೇ ಎದೆ ಹಿಡಿದುಕೊಂಡು ಕುಂತವನು ಮೇಲೇಳಲಿಲ್ಲ.

“ಇದ್ದಾಗ ನುಣ್ಣನ ಮಾರಿ, ಈಗ ಪೈಲ್ವಾನ ಆಗ್ಯಾನ ನೋಡವಾ!” ಎಂದು ನೆರೆಮನೆಯ ದೊಡ್ಡಬಸಮ್ಮ ನಗಹೋಗಿ ಅತ್ತುಬಿಟ್ಟಳು.

ಗವಿಸಿದ್ದಪ್ಪನ ಅಕ್ಕ ಕೊಟ್ರಬಸಮ್ಮ ಮಗ್ಗುಲಲ್ಲೇ ಕುಂತಿದ್ದಳು. ಬ್ಯಾಡ ಅನ್ನಬೇಕು, ಆದರೆ ಹುಟ್ಟಿದಾಗಿನಿಂದ ಅಣ್ಣ ಉಜ್ಜಿನಪ್ಪನ ಮುಂದೆ ಅವಳ ನಾಲಿಗೆ ಎದ್ದದ್ದೇ ಇಲ್ಲ.

*

ಎಪ್ಪತ್ತೇಳನೇ ಇಸವಿಯಲ್ಲಿ ಬಳ್ಳಾರಿಯ ಕಂಟೋನ್ಮೆಂಟಿನ ಒಂದು ಹಾಲಿನಲ್ಲಿ ಬಿಳಿ ಬಟ್ಟೆ ಕಟ್ಟಿ ಗವಿಸಿದ್ದಪ್ಪನ ಸಿನೆಮಾ ತೋರಿಸಿದ್ದರು. ಪರದೆಯ ಮೇಲೆ ಅವ್ವ ಬಂದಳು! ಎಂದೋ ಮಣ್ಣಾದ ಅವ್ವ. ಅದೇ ಇಳಕಲ್ ಸೀರೆ. ರೊಟ್ಟಿ ತಟ್ಟುತ್ತ ತಟ್ಟುತ್ತ ಸೆರಗಿನ ತುದಿಯಿಂದ ತುಟಿಯ ಮೇಲಿನ ಬೆವರು ಒತ್ತಿಕೊಳ್ಳುವುದೂ ಅದೇ. ಕತ್ತಲಲ್ಲಿ ಕೊಟ್ರಬಸಮ್ಮ “ಯವ್ವಾ” ಎಂದು ಕೂಗಿಯೇಬಿಟ್ಟಳು.

ಹೊರಗೆ ಅವನು ಓಡಿಬಂದ.

“ಅಕ್ಕಾ, ನಾ ಕಂಡ್ನೇನು?”

“ಅವ್ವ ಕಂಡ್ಲಪ್ಪ.”

“ಅವ್ವ ಅಲ್ಲಕ್ಕ, ನಾನು. ಊರಾಗ ಧೋತ್ರ ಉಟ್ಕೊಂಡು ತಿರುಗತೀನಲ್ಲ, ಅದು ವೇಷ. ಅಲ್ಲಿ ಒಲಿ ಮುಂದ ಕುಂತಿದ್ಲಲ್ಲ, ಅಕಿನ ನಾನು.”

“ಮಂದಿ ಕೇಳಿಸ್ಕೊಂತಾರ. ಬಾಯಿ ಮುಚ್ಚು ಲೇ,” ಎಂದು ಅವಳು ಬಸ್ ಸ್ಟ್ಯಾಂಡಿನ ಕಡೆ ಬಿರಬಿರನೆ ನಡೆದಿದ್ದಳು.

ಅವನು ಮತ್ತೆಂದೂ ಕೇಳಲಿಲ್ಲ.

*

ಕುಣಿಯಲ್ಲಿ ಕೂರಿಸುವ ಹೊತ್ತಿಗೆ ಬಿಸಿಲಿಗೆ ಮೀಸೆಯ ಒಂದು ತುದಿ ಕಿತ್ತು ಜೋತಾಡತೊಡಗಿತು. ಕರೂರಿನ ಬೀಗರು ಮುಖ ಮುಖ ನೋಡಿಕೊಂಡರು.

“ಮಾರೆಣ್ಣಾ, ಮೀಸಿ ಲೇ!” ಎಂದ ಉಜ್ಜಿನಪ್ಪ.

“ಸರೀರಿ, ನಾ ನೋಡ್ತೀನಿ,” ಎಂದು ಕೊಟ್ರಬಸಮ್ಮ ಸೆರಗು ಸಿಕ್ಕಿಸಿ ಕುಣಿಗೆ ಇಳಿದಳು. ಒತ್ತುತ್ತಾಳೆ ಅಂದುಕೊಂಡರು ಎಲ್ಲರೂ. ಅವಳು ಹುಣ್ಣಿನ ಮೇಲಿನ ಪಟ್ಟಿ ಬಿಚ್ಚುವಂತೆ, ನೋಯದ ಹಾಗೆ, ಮೆಲ್ಲಗೆ ಅದನ್ನು ಕಿತ್ತಳು. ಉಳಿದ ಅಂಟನ್ನು ಸೆರಗಿನ ತುದಿಯಿಂದ ಒತ್ತಿ ಒತ್ತಿ ಒರೆಸಿದಳು.

ಮೇಲೆ ಮಣ್ಣು ಹಿಡಿದು ನಿಂತಿದ್ದ ಉಜ್ಜಿನಪ್ಪ ಮೀಸೆ ಹೋದ ತಮ್ಮನ ಮುಖ ನೋಡಿ ಮುಂದಕ್ಕೆ ಬಾಗಿದ.

“ಯವ್ವಾ...”

“ಅವ್ವ ಅಲ್ಲಣ್ಣ. ಇನ್ನೊಮ್ಮೆ ನೋಡು.”

ಉಜ್ಜಿನಪ್ಪನ ಮುಷ್ಟಿ ಬಿಚ್ಚಲಿಲ್ಲ. ತಣ್ಣನೆಯ ತುಟಿಯ ಮೇಲೆ ನಿಲ್ಲದಿದ್ದ ಮೀಸೆ ಕೊಟ್ರಬಸಮ್ಮನ ಬೆಚ್ಚನೆಯ ಬೆರಳಿಗೆ ಅಂಟಿಕೊಂಡಿತ್ತು. ಎಷ್ಟು ಕೊಡವಿದರೂ ಬೀಳಲೊಲ್ಲದು.