ಪೆಟ್ಟಿಗೆಯಲ್ಲಿ ಉಳಿದ ಮಾತು

ಅಣ್ಣ ಸತ್ತು ಎಂಟು ತಿಂಗಳಾದರೂ ದಿನಕ್ಕೆ ಮೂರು ಸಲ ಅಮ್ಮನಿಗೆ ಮಾತ್ರೆ ನೆನಪಿಸುತ್ತಿದ್ದ. ಕಣ್ಣು ಮಂಜಾದ ಅಮ್ಮನಿಗೆಂದು ಅವನೇ ಮಾಡಿಕೊಟ್ಟ ಪುಟ್ಟ ಪೆಟ್ಟಿಗೆ ಅದು. ಒಳಗೊಂದು ಚಿಪ್, ಒಂದು ಸ್ಪೀಕರ್, ಅವನದೇ ಧ್ವನಿ. ಹೋದ ವಾರದಿಂದ ಪೆಟ್ಟಿಗೆ ಹೊತ್ತುಗೊತ್ತಿಲ್ಲದೆ ಮಾತಾಡತೊಡಗಿತು. ಅದೂ ಹಿಂದೆಂದೂ ಆಡದ ಮಾತು: “ಅಮ್ಮಾ, ನಿಂಗೊಂದು ವಿಷ್ಯ ಹೇಳ್ಬೇಕಿತ್ತು...” ಅಷ್ಟಕ್ಕೇ ನಿಂತುಬಿಡುತ್ತಿತ್ತು.

ತಂಗಿಗೆ ದೆವ್ವ ಭೂತಗಳಲ್ಲಿ ನಂಬಿಕೆಯಿಲ್ಲ. ಆದರೂ ಆ ಅರ್ಧ ಮಾತು ಅವಳ ನಿದ್ದೆ ಕೆಡಿಸಿತ್ತು. ಉಳಿದರ್ಧ ಚಿಪ್‌ನೊಳಗೇ ಇರಬೇಕು. ಅವನ ಧ್ವನಿಯ ಬೇರೆ ಪ್ರತಿ ಎಲ್ಲೂ ಇರಲಿಲ್ಲ. ಹೊರತೆಗೆಯಲು ಡಿಬಗರ್ ಬೇಕು, ಅಂದರೆ ಚಿಪ್‌ಗೂ ಕಂಪ್ಯೂಟರಿಗೂ ನಡುವೆ ನಿಂತು ಮಾತಾಡಿಸುವ ಬೆರಳುದ್ದದ ಉಪಕರಣ. ಕಾರ್ಖಾನೆಯಲ್ಲಿ ಅವಳು ದಿನವೂ ಹಿಡಿಯುವುದು ಅದನ್ನೇ.

ಭಾನುವಾರ ಮಧ್ಯಾಹ್ನ ಊಟದ ಮೇಜು ಖಾಲಿ ಮಾಡಿ, ಪೆಟ್ಟಿಗೆ ಬಿಚ್ಚಿ, ಚಿಪ್‌ಗೆ ಡಿಬಗರಿನ ವಯರು ಸಿಕ್ಕಿಸಿ ಕೂತಳು. ಮನೆಯ ಕಂಪ್ಯೂಟರು ಡಿಬಗರನ್ನು ಗುರುತಿಸಲೇ ಇಲ್ಲ; ಪಟ್ಟಿಯಲ್ಲಿ ಅದರ ಹೆಸರೇ ಇಲ್ಲ. ನೋಡಿದರೆ ಕೇಬಲ್ಲು ಬರೀ ಚಾರ್ಜಿಂಗಿನದು, ಮಾಹಿತಿ ದಾಟಿಸುವುದಲ್ಲ. ಇಷ್ಟು ವರ್ಷ ಕತ್ತೆ ಕಾದೆನೇ ಎಂದು ತನ್ನನ್ನೇ ಬೈದುಕೊಂಡು ಬದಲಾಯಿಸಿದಳು. ಆಮೇಲೆ ಹೆಸರೇನೋ ಬಂತು, ಆದರೆ ಪಕ್ಕದಲ್ಲಿ ಹಳದಿ ಚಿಹ್ನೆ; ಅದು ಜಪ್ಪಯ್ಯ ಎನ್ನಲಿಲ್ಲ. ಕೊನೆಗೆ ಗೊತ್ತಾಯಿತು: ಯಾವತ್ತೋ ಹಾಕಿದ್ದ ಬೇರೊಂದು ತಂತ್ರಾಂಶದ ಜತೆ ಬಂದ, ಉಪಕರಣವನ್ನು ಕಂಪ್ಯೂಟರಿಗೆ ಪರಿಚಯಿಸುವ ಡ್ರೈವರ್ ಮನೆ ಬಿಡದ ಬಾಡಿಗೆದಾರನ ಹಾಗೆ ಅಲ್ಲೇ ಕೂತಿತ್ತು. ಅದನ್ನು ಬೇರುಸಮೇತ ಕಿತ್ತು, ಸರಿಯಾದ ಡ್ರೈವರ್ ಹಾಕುವಷ್ಟರಲ್ಲಿ ಪೆಟ್ಟಿಗೆ ಮತ್ತೆ “ಅಮ್ಮಾ...” ಎಂದಿತು.

“ತಾಳಣ್ಣ, ಬಂದೆ,” ಎಂದಳು, ತನಗೇ ಗೊತ್ತಿಲ್ಲದೆ.

ಈ ಸಲ ಹಸಿರು ದೀಪ ಹತ್ತಿತು. ಸಂಪರ್ಕದ ಗುಂಡಿ ಒತ್ತಿದಳು. ಪರದೆಯ ಮೇಲೆ ಸಾಲುಗಳು ಮೂಡಿದವು: ಚಿಪ್ ಸಿಕ್ಕಿದೆ. ಬೀಗ ಹಾಕಿದೆ. ಬೀಗ ತೆಗೆಯಲಾಗಿದೆ.

ಕೊನೆಯ ಸಾಲನ್ನು ಅವಳು ಮತ್ತೊಮ್ಮೆ ಓದಿದಳು. ಇಂಥ ಚಿಪ್‌ನ ಬೀಗ ತೆಗೆದರೆ ಒಳಗಿದ್ದದ್ದೆಲ್ಲ ಅಳಿಸಿಹೋಗುತ್ತದೆ. ಕದ್ದು ಓದುವವರಿಗೆ ಏನೂ ಸಿಗಬಾರದೆಂದು ಹಾಗೆ ಮಾಡಿರುತ್ತಾರೆ. ಅದಕ್ಕೇ ತಂತ್ರಾಂಶ ಮೊದಲು ‘ಅಳಿಸಲೇ?’ ಎಂದು ಕೇಳುತ್ತದೆ. ಇವಳನ್ನು ಕೇಳಲಿಲ್ಲ. ಕಾರ್ಖಾನೆಯಲ್ಲಿ ದಿನಕ್ಕೆ ಇನ್ನೂರು ಹಳೆಯ ಬೋರ್ಡುಗಳ ಚಿಪ್ ಅಳಿಸುವವಳು, ಆ ಪ್ರಶ್ನೆಯ ಕಾಟ ತಾಳದೆ, ಎಂದೋ ‘ಮತ್ತೆ ಕೇಳಬೇಡ’ ಎಂಬಲ್ಲಿ ಗುರುತು ಹಾಕಿದ್ದಳು; ಆ ತಂತ್ರಾಂಶವನ್ನು ಅದೇ ಸೆಟ್ಟಿಂಗ್ ಸಮೇತ ಮನೆಯ ಕಂಪ್ಯೂಟರಿಗೂ ತಂದಿದ್ದಳು.

ಮೆಮೊರಿ ತೆರೆದು ನೋಡಿದಳು. ಮೊದಲಿಂದ ಕೊನೆಯವರೆಗೂ ಖಾಲಿ. ಅಣ್ಣನನ್ನು ಎರಡನೇ ಸಲ ಕಳೆದುಕೊಂಡಿದ್ದಳು, ಈ ಸಲ ತನ್ನ ಕೈಯಾರೆ.

ಅಮ್ಮ ಗೋಡೆ ಹಿಡಿದುಕೊಂಡು ಬಂದು, ಸರಿಹೋಯಿತೇ ಎಂದು ಕೇಳಿದಳು. ಸುಳ್ಳು ಹೇಳಲು ತಂಗಿಗೆ ಬಾಯಿ ಬರಲಿಲ್ಲ.

“ಅಳಿಸಿಬಿಟ್ಟೆ ಅಮ್ಮಾ. ಅವನ ಧ್ವನಿ ಇನ್ನಿಲ್ಲ.”

ಅಮ್ಮ ಬೈಯಲಿಲ್ಲ. ಮೇಜು ತಡಕಿ ಪೆಟ್ಟಿಗೆಯನ್ನೆತ್ತಿ ಕಿವಿಗೆ ಹಿಡಿದಳು. ಸ್ಪೀಕರಿಗೆ ಇನ್ನೂ ಕರೆಂಟು ಹರಿಯುತ್ತಿತ್ತು. ಅದು ಸಣ್ಣಗೆ ಸುಯ್ಯೆನ್ನುತ್ತಿತ್ತು.

“ಸುಮ್ನಿರೇ. ಉಸಿರು ಎಳ್ಕೊಳ್ತಿದಾನೆ. ಈಗ ಹೇಳ್ತಾನೆ.”

ತಂಗಿಯ ಕೈ ಪೆಟ್ಟಿಗೆಗೆ ಕರೆಂಟು ಕೊಡುವ ವಯರಿನ ಮೇಲಿತ್ತು. ಕೀಳಲು ಮನಸ್ಸು ಬರಲಿಲ್ಲ. ಒಳಗೆ ಏನೂ ಇಲ್ಲವೆಂದು ಅವಳಷ್ಟು ಬಲ್ಲವರು ಯಾರೂ ಇರಲಿಲ್ಲ. ಆದರೂ ಬಗ್ಗಿ, ಅಮ್ಮನ ಕೆನ್ನೆಗೆ ಕೆನ್ನೆ ತಾಗಿಸಿ, ಕಿವಿಗೊಟ್ಟಳು.