ಎರಡು ಟಿವಿ, ಒಂದು ದನಿ

ಆಫೀಸಿನಲ್ಲಿ ಅವನನ್ನು ಎಲ್ಲರೂ ಕಿವಿಯಣ್ಣ ಎಂದು ಕರೆಯುತ್ತಿದ್ದರು. ಹಾಗೆಂದು ಅವನ ಕಿವಿಗಳೇನೂ ಮೊರದಗಲ ಇರಲಿಲ್ಲ. ಹಳೆಯ ಸಿನಿಮಾಗಳನ್ನು ಡಿಸ್ಕಿನಲ್ಲಿ ಹೊರತರುವ ಆ ಪುಟ್ಟ ಕಂಪನಿಯಲ್ಲಿ ಅವನದು ಹೋಲಿಸುವ ಕೆಲಸ. ಒಂದೇ ಸಿನಿಮಾಕ್ಕೆ ಎರಡು ಮೂರು ಪ್ರತಿಗಳಿರುತ್ತವೆ. ಥಿಯೇಟರಿನಲ್ಲಿ ಓಡಿದ್ದು ಒಂದು, ಸೆನ್ಸಾರಿನವರು ಕತ್ತರಿ ಆಡಿಸಿದ್ದು ಇನ್ನೊಂದು, ನಿರ್ದೇಶಕ ಹಟ ಹಿಡಿದು ಮತ್ತೆ ಉದ್ದ ಮಾಡಿಸಿದ್ದು ಮತ್ತೊಂದು. ಯಾವುದರಲ್ಲಿ ಏನಿದೆ, ಯಾವುದರಲ್ಲಿ ಏನಿಲ್ಲ ಎಂದು ಅವನು ಪಟ್ಟಿ ಮಾಡಬೇಕು. ಡಿಸ್ಕಿನ ಜೊತೆ ಕೊಡುವ ಪುಸ್ತಿಕೆಯಲ್ಲಿ ಅದು ಅಚ್ಚಾಗುತ್ತದೆ. ಇಂಥದ್ದನ್ನೆಲ್ಲ ಯಾರು ಓದುತ್ತಾರೆ ಎಂದು ಕೇಳಬೇಡಿ. ಓದುವವರಿದ್ದಾರೆ, ಒಂದು ಸೆಕೆಂಡು ಹೆಚ್ಚುಕಮ್ಮಿಯಾದರೆ ಮೂರು ಪುಟ ಕಾಗದ ಬರೆದು ಜನ್ಮ ಜಾಲಾಡುವವರೂ ಇದ್ದಾರೆ.

ಅವನ ವಿಧಾನ ಅವನದೇ. ಪಕ್ಕಪಕ್ಕದಲ್ಲಿ ಎರಡು ಟಿವಿ, ಎರಡು ಪ್ಲೇಯರು, ಒಂದೊಂದು ಕೈಯಲ್ಲಿ ಒಂದೊಂದು ರಿಮೋಟು. ಎರಡು ಹೆಬ್ಬೆರಳನ್ನೂ ಒಟ್ಟಿಗೆ ಒತ್ತಿದರೆ ಎರಡು ಪ್ರತಿಗಳೂ ಒಂದೇ ದನಿಯಲ್ಲಿ ಮಾತಾಡುತ್ತ ಸಾಗುತ್ತವೆ. ಒಂದರಲ್ಲಿ ಏನಾದರೂ ಹೆಚ್ಚಿದ್ದರೆ ಆ ಜಾಗ ದಾಟಿದ ಕೂಡಲೇ ದನಿ ಒಡೆಯುತ್ತದೆ. ಬಾವಿಯೊಳಗೆ ಕೂಗಿದ ಹಾಗೆ ಒಂದರ ಹಿಂದೆ ಒಂದು ಕೇಳಿಸುತ್ತದೆ. ಆಗ ನಿಲ್ಲಿಸಬೇಕು, ಹಿಂದಕ್ಕೆ ಹೋಗಬೇಕು, ಅಳೆದು ಬರೆದು ಮತ್ತೆ ಎರಡನ್ನೂ ಜೋಡಿಸಬೇಕು. ಕಣ್ಣು ಮೋಸ ಹೋದೀತು, ಕಿವಿ ಹೋಗದು ಎಂಬುದು ಅವನ ಸಿದ್ಧಾಂತ. ಯಾರು ಏನೇ ಹೇಳಲಿ, ತಾನು ಹಿಡಿದ ಮೊಲಕ್ಕೆ ಮೂರೇ ಕಾಲು ಎನ್ನುವ ಪೈಕಿ ಅವನು.

ಆ ವರ್ಷ ಕಂಪನಿ 'ಎಂಟನೇ ಗಣಿ'ಯ ನಾಲ್ಕೂ ಪ್ರತಿಗಳನ್ನು ಒಂದೇ ಪೆಟ್ಟಿಗೆಯಲ್ಲಿ ತರಲು ಹೊರಟಿತು. ಮೂವತ್ತೊಂದು ವರ್ಷದ ಹಿಂದಿನ ಸಿನಿಮಾ. ಯಾವುದೋ ಗ್ರಹದ ನೆಲದಡಿ ಒಂದು ಗಣಿ. ಕಲ್ಲು ಕೊರೆಯುವ ಯಂತ್ರಗಳು ಒಂದು ದಿನ ಕಲ್ಲು ಬಿಟ್ಟು ಮನುಷ್ಯರನ್ನು ಕೊರೆಯಲು ಶುರು ಮಾಡುತ್ತವೆ. ಕಥೆ ಅಷ್ಟೇ, ಉಳಿದದ್ದೆಲ್ಲ ರಕ್ತ. ಅಭಿಮಾನಿಗಳ ಬಾಯಲ್ಲಿ ಹೆಣಗಳ ಲೆಕ್ಕ ಮಗ್ಗಿಯಂತೆ ಬರುತ್ತದೆ. ಥಿಯೇಟರ್ ಪ್ರತಿಯಲ್ಲಿ ಇಪ್ಪತ್ತೆರಡು, ವಿದೇಶಿ ಪ್ರತಿಯಲ್ಲಿ ಇಪ್ಪತ್ತಾರು, ನಿರ್ದೇಶಕರ ಪ್ರತಿಯಲ್ಲಿ ಮೂವತ್ತು. ಇವುಗಳ ಜೊತೆ ಟಿವಿಗೆಂದು ಮಾಡಿದ ಪ್ರತಿಯೂ ಒಂದಿದೆ, ಮನೆಮಂದಿಯೆಲ್ಲ ಕೂತು ನೋಡಲಿ ಎಂದು ರಕ್ತ ಒರೆಸಿದ್ದು. ಅದಕ್ಕೆ ಅವರೆಲ್ಲ ಇಟ್ಟ ಹೆಸರು 'ತೊಳೆದ ಪ್ರತಿ'. ಹೆಸರು ಹೇಳುವಾಗ ಮೂಗು ಮುರಿಯುವುದು ಕಡ್ಡಾಯ.

ಕಿವಿಯಣ್ಣನ ಮನೆಯಲ್ಲಿ ಈ ಸಿನಿಮಾ ಬೇರೆಯೇ ಕಾರಣಕ್ಕೆ ಮನೆ ಮಾಡಿಕೊಂಡಿತ್ತು. ಅವನ ತಮ್ಮ, ಮನೆಯವರ ಪಾಲಿಗೆ ಚಿಕ್ಕೋನು, ಇಪ್ಪತ್ತನೇ ವಯಸ್ಸಿನಲ್ಲಿ ಅದರಲ್ಲಿ ಗಣಿಯ ಕಾವಲುಗಾರನ ವೇಷ ಹಾಕಿದ್ದ. ಒಂಬತ್ತು ದಿನದ ಕೆಲಸ. ಮುಗಿಸಿ ಬಂದವನ ಕಾಲು ನೆಲದ ಮೇಲಿರಲಿಲ್ಲ.

"ನನ್ನ ಮುಖ ಪರದೆ ತುಂಬಾ ಬರತ್ತೆ ನೋಡ್ತಿರಿ. ಕ್ಯಾಮೆರಾ ನನ್ನ ಮೂಗಿನ ಹತ್ರಾನೇ ಇಟ್ಟಿದ್ರು" ಎಂದು ಬಂದವರಿಗೆಲ್ಲ ಹೇಳಿದ.

ಸಿನಿಮಾ ಬಿಡುಗಡೆಯಾದ ದಿನ ಅತ್ತೆ, ಮಾವ, ಚಿಕ್ಕಪ್ಪ, ಚಿಕ್ಕಮ್ಮ ಎಂದು ಹದಿಮೂರು ಜನ ಒಂದು ಸಾಲು ಪೂರ್ತಿ ಹಿಡಿದು ಕೂತರು. ಕಾವಲುಗಾರರು ಬೇಕಾದಷ್ಟು ಬಂದರು, ಆದರೆ ಎಲ್ಲರೂ ಹೆಲ್ಮೆಟ್ ಹಾಕಿ ಮುಖದ ಮೇಲೆ ಕಪ್ಪು ಗಾಜು ಇಳಿಸಿಕೊಂಡವರೇ. ಪ್ರತಿ ಹೆಲ್ಮೆಟ್ಟಿಗೂ ಅತ್ತೆ "ಇವನಾ, ಇವನಾ" ಎಂದು ಕೇಳಿದ್ದೇ ಬಂತು. ದೀಪ ಹತ್ತಿತು. ಪರದೆ ತುಂಬುವ ಮುಖ ಬರಲೇ ಇಲ್ಲ.

ಹೊರಗೆ ಟಿಕೆಟ್ ಕಿಟಕಿಯ ಮುಂದೆ ನಿಂತು ಚಿಕ್ಕಪ್ಪ, "ಕಾಣಿಸದ ಹಾಗೆ ನಟಿಸೋದು ದೊಡ್ಡ ವಿದ್ಯೆ ಕಣೋ" ಎಂದರು. ಎಲ್ಲರೂ ನಕ್ಕರು. ಅಷ್ಟಕ್ಕೇ ನಿಂತಿದ್ದರೆ ಚೆನ್ನಾಗಿತ್ತು. ಆದರೆ ಅಣ್ಣನ ನಾಲಿಗೆ ತುರಿಸಿತು.

"ಒಂಬತ್ತು ದಿನ ಎಲ್ಲಿ ಅಲೀತಿದ್ದೆ ನಿಜ ಹೇಳಿಬಿಡು. ಪರದೆ ತುಂಬಾ ಬಂದಿದ್ದು ನಿನ್ನ ಸುಳ್ಳೇ" ಎಂದ.

ಈ ಸಲದ ನಗು ಮೊದಲಿನದಕ್ಕಿಂತ ಜೋರಾಗಿತ್ತು. ಮಾವ ಬೆನ್ನು ತಟ್ಟಿದರು. ಅಣ್ಣ ತನ್ನ ಮಾತಿಗೆ ತಾನೇ ನಗುತ್ತ ಮಾವನ ಕಡೆ ತಿರುಗಿದ. ತಮ್ಮನ ಮುಖ ಹೇಗಿದೆ ಎಂದು ನೋಡಬೇಕೆಂದು ಅವನಿಗೆ ಅನ್ನಿಸಲಿಲ್ಲ.

ಹತ್ತು ದಿನದಲ್ಲಿ ಚಿಕ್ಕೋನು ದೂರದ ಬಂದರೊಂದರಲ್ಲಿ ಸರಕು ಇಳಿಸುವ ಕೆಲಸ ಹಿಡಿದು ಹೊರಟುಹೋದ. ಏಳನೇ ತಿಂಗಳಲ್ಲಿ ಕ್ರೇನಿನ ಸರಪಳಿ ಹರಿಯಿತು. ಹೆಣದ ಪೆಟ್ಟಿಗೆ ಮುಚ್ಚಿಯೇ ತಂದರು, ತೆರೆಯಬೇಡಿ ಎಂದರು. ಮನೆಯಲ್ಲಿದ್ದ ಅವನ ಫೋಟೋ ಒಂದೇ, ಒಂಬತ್ತನೇ ವಯಸ್ಸಿನಲ್ಲಿ ಶಾಲೆಯ ಸಾಲಿನಲ್ಲಿ ನಿಂತದ್ದು, ಮುಖ ಅವರೆಕಾಳಿನಷ್ಟು. ದೊಡ್ಡವನಾದ ಮೇಲಿನ ಮುಖ ಅಮ್ಮನ ತಲೆಯಲ್ಲಿ ಬಿಟ್ಟರೆ ಬೇರೆಲ್ಲೂ ಉಳಿದಿರಲಿಲ್ಲ, ಅಲ್ಲಿಯೂ ವರ್ಷ ವರ್ಷಕ್ಕೆ ಸವೆಯುತ್ತಿತ್ತು.

ಅಮ್ಮನದು ಮಾತ್ರ ಒಂದೇ ಪಟ್ಟು. "ಅವನು ಸುಳ್ಳು ಹೇಳೋನಲ್ಲ. ಎಲ್ಲೋ ಇದಾನೆ, ಹುಡುಕು."

ಕಿವಿಯಣ್ಣ ಈ ಕಸುಬಿಗೆ ಬಿದ್ದದ್ದೇ ಹಾಗೆ. ಹೊಸ ಪ್ರತಿ ಸಿಕ್ಕಿದಾಗಲೆಲ್ಲ ಹುಡುಕಿದ. ವಿದೇಶಿ ಪ್ರತಿಯ ಹೆಚ್ಚಿನ ಐದು ನಿಮಿಷ, ನಿರ್ದೇಶಕರ ಪ್ರತಿಯ ಹೆಚ್ಚಿನ ಎಂಟು ನಿಮಿಷ, ಎಲ್ಲವನ್ನೂ ಫ್ರೇಮು ಫ್ರೇಮಾಗಿ ನೋಡಿದ. ಎಡಭುಜ ಒಂಚೂರು ಇಳಿಬಿಟ್ಟು ನಿಲ್ಲುವ ಕಾವಲುಗಾರನಿಗಾಗಿ ಕಣ್ಣು ನೋಯಿಸಿಕೊಂಡ. ಸಂಜೆ ಮನೆಗೆ ಬಂದು ಚಪ್ಪಲಿ ಬಿಡುವಷ್ಟರಲ್ಲಿ ಒಳಗಿನಿಂದ ಅಮ್ಮನ ದನಿ ಬರುತ್ತಿತ್ತು.

"ಸಿಕ್ಕನೇನೋ ದೊಡ್ಡೋನೇ?"

"ಇಲ್ಲಮ್ಮ."

ಮೂವತ್ತು ವರ್ಷ ಇದೇ ಪ್ರಶ್ನೆ, ಇದೇ ಉತ್ತರ. ಕೊನೆಕೊನೆಗೆ ಅಮ್ಮ ಕೇಳದ ದಿನವೂ ಅವನಿಗೆ ಕೇಳಿಸುತ್ತಿತ್ತು. ಎರಡು ಟಿವಿಗಳ ದನಿ ಒಡೆದು ಹಿಂದಿನಿಂದ ಮತ್ತೊಂದು ದನಿ ಬಂದಾಗಲೆಲ್ಲ, ಯಾರೋ ಏನೋ ಹೇಳಲು ಹೊರಟು ತಡವಾಯಿತೇನೋ ಎಂದು ಎದೆ ಝಲ್ಲೆನ್ನುತ್ತಿತ್ತು. ಹೊರಗೆ ಹೇಳಿಕೊಂಡರೆ ಆಡಿಕೊಳ್ಳುವವರ ಬಾಯಿಗೆ ಬೀಳಬೇಕಾಗುತ್ತದೆ ಎಂದು ಯಾರಿಗೂ ಹೇಳಿರಲಿಲ್ಲ. ಅಮ್ಮನ ಎಡಗಣ್ಣು ಆಗಲೇ ಹೋಗಿತ್ತು. ಬಲಗಣ್ಣು ಈ ವರ್ಷ ಕಳೆದರೆ ಹೆಚ್ಚು ಎಂದು ಕಣ್ಣಿನ ಡಾಕ್ಟರು ಹೇಳಿದ್ದರು. ಇನ್ನು ಸಿಕ್ಕರೂ ನೋಡುವವರಿಲ್ಲ ಎಂಬ ಹೆದರಿಕೆ ಅವನನ್ನು ಒಳಗೇ ತಿನ್ನುತ್ತಿತ್ತು.

ಆಫೀಸಿನಲ್ಲಿ ಅಡಿಬರಹ ಬರೆಯುವ ಹೆಂಗಸೊಬ್ಬಳಿದ್ದಳು. ಕಿವಿ ಕೇಳದವರಿಗಾಗಿ ಪರದೆಯ ಕೆಳಗೆ ಮಾತನ್ನೂ ಸದ್ದನ್ನೂ ಅಕ್ಷರದಲ್ಲಿ ಹಾಕುವ ಕೆಲಸ. ಬಾಲ್ಯದ ಜ್ವರದಲ್ಲಿ ಅವಳ ಕಿವಿಯೇ ಹೋಗಿತ್ತು. ತುಟಿ ನೋಡಿ ಮಾತು ಹಿಡಿಯುತ್ತಿದ್ದಳು. ತಾನು ಮಾತಾಡುವಾಗ ಏರಿಳಿತವಿಲ್ಲದೆ, ಸ್ವಲ್ಪ ಗಟ್ಟಿಯಾಗಿ ಆಡುತ್ತಿದ್ದಳು. ಯಾವ ಯಂತ್ರದ ಸದ್ದು ಹೇಗೆ ಎಂದು ಅವಳು ಕೇಳಿದರೆ ಕಿವಿಯಣ್ಣ ಮೇಜು ಕುಟ್ಟಿ, ಕುರ್ಚಿ ಎಳೆದು ತೋರಿಸುತ್ತಿದ್ದ. ಕೈಯಿಟ್ಟು ಅದುರುವುದನ್ನು ನೋಡಿಕೊಂಡು ಅವಳು ಬರೆಯುತ್ತಿದ್ದಳು.

ಒಂದು ಬೆಳಿಗ್ಗೆ ಹನ್ನೊಂದು ಗಂಟೆಗೆ ಅವಳು ಅವನ ಪಟ್ಟಿಯನ್ನು ಕೈಯಲ್ಲಿ ಹಿಡಿದು ಬಂದಳು.

"ಅರವತ್ತೇಳನೇ ನಿಮಿಷ. ಥಿಯೇಟರ್ ಪ್ರತಿಗೂ ಟಿವಿ ಪ್ರತಿಗೂ ವ್ಯತ್ಯಾಸ ಇಲ್ಲ ಅಂತ ಬರ್ದಿದೀರಿ. ಇದೆ."

ಆ ಪಟ್ಟಿ ಹನ್ನೊಂದು ವರ್ಷ ಹಳೆಯದು. ಟಿವಿ ಪ್ರತಿ ಮೊದಲ ಸಲ ಡಿಸ್ಕಿನಲ್ಲಿ ಬಂದಾಗ ಅವನೇ ಮಾಡಿದ್ದು, ಈಗ ಹಾಗೆಯೇ ಎತ್ತಿ ಹೊಸ ಪುಸ್ತಿಕೆಗೆ ಹಾಕಿದ್ದ. ಅವನಿಗೆ ರೇಗಿತು.

"ಅಲ್ಲಿ ದನಿ ಒಡೆಯೋದೇ ಇಲ್ಲ. ಬೇಕಾದ್ರೆ ಕೇಳಿ ನೋಡಿ."

"ನಂಗೆ ನೋಡೋದಷ್ಟೇ ಬರೋದು" ಎಂದಳು ಅವಳು, ಬೇಜಾರೇನೂ ಇಲ್ಲದೆ.

ಅವನು ನಾಲಿಗೆ ಕಚ್ಚಿಕೊಂಡು ಎರಡೂ ಡಿಸ್ಕು ಹಾಕಿದ. ಅವಳು ಹೋಗಿ ಎರಡು ಟಿವಿಗಳ ಸದ್ದನ್ನೂ ಪೂರ್ತಿ ಇಳಿಸಿಬಿಟ್ಟಳು. ಇಷ್ಟು ವರ್ಷದಲ್ಲಿ ಆ ಕೋಣೆ ಅಷ್ಟು ಸುಮ್ಮನಿದ್ದದ್ದನ್ನು ಅವನು ಕಂಡಿರಲಿಲ್ಲ. ಸುರಂಗದ ದೃಶ್ಯ ಬಂತು. ಗೋಡೆಗೆ ಒತ್ತಿ ನಿಂತ ಗಣಿಗಾರ, ಅವನ ಮೇಲೆ ಏರಿ ಬರುವ ಯಂತ್ರ. ಬಲಗಡೆಯ ಟಿವಿಯಲ್ಲಿ ಕೊರೆಯುವ ಮೊನೆ ಗಣಿಗಾರನ ಎದೆಯೊಳಗೆ ಇಳಿಯಿತು. ತೊಳೆದ ಪ್ರತಿ ಓಡುತ್ತಿದ್ದ ಎಡಗಡೆಯ ಟಿವಿಯಲ್ಲಿ ಅದೇ ಹೊತ್ತಿಗೆ ಒಬ್ಬ ಕಾವಲುಗಾರನ ಮುಖ ಬಂತು, ಆ ಸಾವನ್ನು ನೋಡುತ್ತಿರುವ ಮುಖ. ಗಾಜು ಮೇಲೆತ್ತಿತ್ತು. ಎಡಭುಜ ಒಂಚೂರು ಇಳಿದಿತ್ತು. ಐವತ್ತೆರಡು ಫ್ರೇಮು, ಎರಡು ಸೆಕೆಂಡಿಗಿಂತ ಒಂದು ಕೂದಲು ಹೆಚ್ಚು. ಆಮೇಲೆ ಎರಡು ಟಿವಿಗಳೂ ಏನೂ ಆಗದಂತೆ ಮತ್ತೆ ಒಂದೇ ಚಿತ್ರ ತೋರಿಸುತ್ತ ಸಾಗಿದವು.

"ಎರಡರಲ್ಲೂ ಅಳತೆ ಒಂದೇ, ಅದಕ್ಕೇ ನಿಮಗೆ ಗೊತ್ತಾಗಿಲ್ಲ. ಸದ್ದು ಹಾಗೇ ಇಟ್ಕೊಂಡು ಚಿತ್ರ ಮಾತ್ರ ಬದಲಾಯಿಸಿದಾರೆ. ಈ ಹುಡುಗ ಯಾರೋ ಪಾಪ, ರಕ್ತ ಮುಚ್ಚೋಕೆ ಇವನ ಮುಖ ಇಟ್ಟುಬಿಟ್ರು" ಎಂದಳು ಅವಳು.

ಮೂವತ್ತು ವರ್ಷ ಕಿವಿಯಣ್ಣ ಹೆಚ್ಚಿರುವ ಕಡೆಯೆಲ್ಲ ಹುಡುಕಿದ್ದ, ರಕ್ತ ಎಲ್ಲಿ ಜಾಸ್ತಿಯೋ ಅಲ್ಲೆಲ್ಲ. ಈ ಪ್ರತಿಯನ್ನು ಮಾತ್ರ ಪಟ್ಟಿಯ ಮೇಲೆ ಕಣ್ಣಿಟ್ಟುಕೊಂಡು ಕಿವಿಯಲ್ಲೇ ಮುಗಿಸಿದ್ದ. ತೊಳೆದದ್ದರಲ್ಲಿ ನೋಡುವುದೇನಿದೆ ಎಂಬ ಅಹಂಕಾರ. ಕಂಕುಳಲ್ಲಿ ಕೂಸನ್ನಿಟ್ಟುಕೊಂಡು ಊರೆಲ್ಲ ಹುಡುಕಿದರು ಎನ್ನುತ್ತಾರಲ್ಲ, ಹಾಗಾಯಿತು. ಡಿಸ್ಕು ಹನ್ನೊಂದು ವರ್ಷ ಅವನದೇ ಕಪಾಟಿನಲ್ಲಿತ್ತು. ಅದಕ್ಕೂ ಹಿಂದಿನ ಒಂದು ಭಾನುವಾರ ನೆನಪಾಯಿತು. ಮನೆಗೆ ಹೊಸದಾಗಿ ಟಿವಿ ಬಂದ ಕಾಲ. ಮಧ್ಯಾಹ್ನ ಇದೇ ಸಿನಿಮಾ ಶುರುವಾದಾಗ ಅಮ್ಮ ಅತ್ತಾಳೆಂದು ಅವನೇ ಎದ್ದು ಆರಿಸಿದ್ದ. "ಇರ್ಲಿ ಬಿಡೋ, ಎಲ್ಲಾದ್ರೂ ಬಂದಾನು" ಎಂದಿದ್ದಳು ಅಮ್ಮ. "ಇದು ತೊಳೆದಿದ್ದಮ್ಮ, ಇದರಲ್ಲಿ ಇರೋದೂ ಇರಲ್ಲ" ಎಂದಿದ್ದ ಅವನು. ಆಗ ಅವಳಿಗೆ ಎರಡು ಕಣ್ಣೂ ಚೆನ್ನಾಗಿದ್ದವು.

"ಯಾರು, ಗೊತ್ತಾ ಇವನು?" ಎಂದು ಕೇಳಿದಳು ಅಡಿಬರಹದವಳು, ಅವನ ತುಟಿಯನ್ನೇ ನೋಡುತ್ತ.

"ನನ್ನ ತಮ್ಮ."

ಅವಳು ತುಟಿ ತಪ್ಪಾಗಿ ಓದಿದೆನೇನೋ ಎಂಬಂತೆ ಅವನ ಮುಖವನ್ನೂ ಪರದೆಯನ್ನೂ ನೋಡಿದಳು. ಆಮೇಲೆ ಡಿಸ್ಕು ತೆಗೆದು, ಡಬ್ಬಿಗೆ ಹಾಕಿ, ಅವನ ಕೈಗಿಟ್ಟಳು.

"ಮನೆಗೆ ಹೋಗಿ. ಪಟ್ಟಿ ನಾಳೆ ತಿದ್ದಿದ್ರಾಯ್ತು."

ಮಧ್ಯಾಹ್ನ ಎರಡು ಗಂಟೆಗೆ ಮಗ ಮನೆಗೆ ಬಂದದ್ದು ಕಂಡು ಅಮ್ಮ ಮೈ ಹುಷಾರಿಲ್ಲವೇ ಎಂದು ಕೇಳಲಿಲ್ಲ. ಅವನು ಚಪ್ಪಲಿ ಬಿಟ್ಟ ಸದ್ದಿನಲ್ಲೇ ಏನೋ ಇದ್ದಿರಬೇಕು.

"ಸಿಕ್ಕನೇನೋ?"

"ಸಿಕ್ಕ, ಅಮ್ಮ."

ಅವಳು ಅಳಲಿಲ್ಲ. ಎದ್ದು ಹೋಗಿ ಮುಖ ತೊಳೆದುಕೊಂಡಳು, ಕೂದಲು ಬಾಚಿ ಗಂಟು ಹಾಕಿಕೊಂಡಳು, ಕನ್ನಡಕ ಎರಡು ಸಲ ಒರೆಸಿದಳು. ದೂರದಿಂದ ಬರುವವರಿಗೆ ಕಾಯುವವರ ಹಾಗೆ ಬಂದು ಟಿವಿಯ ಮುಂದೆ ಕೂತಳು. ಅವನು ಅವಳ ಕುರ್ಚಿಯನ್ನು ಹತ್ತಿರಕ್ಕೆ ಎಳೆದು, ಬಲಗಣ್ಣಿಗೆ ನೇರವಾಗುವಂತೆ ತಿರುಗಿಸಿದ. ಸದ್ದು ಪೂರ್ತಿ ಇಳಿಸಿ, ಮುಖ ಬಂದ ಕೂಡಲೇ ನಿಲ್ಲಿಸಿದ. ಪರದೆ ತುಂಬಾ ಚಿಕ್ಕೋನು. ಹೇಳಿದ್ದಂತೆಯೇ ಇತ್ತು, ಕ್ಯಾಮೆರಾ ಮೂಗಿನ ಹತ್ತಿರವೇ ಇಟ್ಟಿದ್ದರು.

ಅಮ್ಮ ಬಹಳ ಹೊತ್ತು ನೋಡಿದಳು. ಕೈ ಚಾಚಿ ಪರದೆಯ ಮೇಲೆ ಬೆರಳಿಟ್ಟಳು, ಮೊದಲು ಹುಬ್ಬಿನ ಮೇಲೆ, ಆಮೇಲೆ ತುಟಿಯ ಕೊನೆಯಲ್ಲಿ.

"ಸುಳ್ಳು ಹೇಳಿರಲಿಲ್ಲ" ಎಂದಳು.

"ಇಲ್ಲಮ್ಮ. ಎಷ್ಟು ಚೆನ್ನಾಗಿ ಮಾಡಿದಾನೆ ನೋಡು. ಎದುರಿಗೆ ಒಬ್ಬನ್ನ ಯಂತ್ರ ಕೊಲ್ತಾ ಇದೆ, ಅದನ್ನ ನೋಡ್ತಿರೋದು ಅವನು."

"ನಟನೆ ಏನು ಬಂತು. ನಂಗೆ ಈ ಮುಖ ಗೊತ್ತು." ಅವಳ ದನಿಯಲ್ಲಿ ಸಿಟ್ಟಿರಲಿಲ್ಲ, ಗುರುತು ಸಿಕ್ಕ ಸಮಾಧಾನವಷ್ಟೇ ಇತ್ತು. "ಅವತ್ತು ಟಿಕೆಟ್ ಕಿಟಕಿ ಹತ್ರ ನೀವೆಲ್ಲ ನಕ್ಕಿರಲ್ಲ, ಆಗ ಹೀಗೇ ನೋಡ್ತಾ ನಿಂತಿದ್ದ. ಹೀಗೇ, ನಿನ್ನ ಕಡೆ. ನೀನು ಆ ಕಡೆ ತಿರುಗಿದ್ದೆ."

ಅಮ್ಮನಿಗೆ ಅದು ಮೂವತ್ತೊಂದು ವರ್ಷದಿಂದ ಗೊತ್ತಿತ್ತು, ಒಂದು ದಿನವೂ ಆಡಿರಲಿಲ್ಲ. ಪ್ರತಿ ಸಂಜೆ ಕೇಳಿದ್ದು ಸಿಕ್ಕನೇ ಎಂದು ಮಾತ್ರ.

ಹಳೆಯ ಪ್ಲೇಯರಿಗೆ ಒಂದು ಕೆಟ್ಟ ಚಾಳಿಯಿತ್ತು. ಐದು ನಿಮಿಷ ನಿಲ್ಲಿಸಿಟ್ಟರೆ ತಾನೇ ಬಿಟ್ಟುಕೊಂಡು ಮುಂದಕ್ಕೆ ಓಡುತ್ತಿತ್ತು. ಈಗಲೂ ಹಾಗೆಯೇ ಆಯಿತು. ಚಿಕ್ಕೋನು ಒಮ್ಮೆ ಕಣ್ಣು ಮಿಟುಕಿಸಿದ, ಬಾಯಿ ತೆರೆದ, ಏನೋ ಹೇಳುವಷ್ಟರಲ್ಲಿ ಇಲ್ಲವಾದ. ಪರದೆಯ ಮೇಲೆ ಖಾಲಿ ಸುರಂಗ ಉಳಿಯಿತು.

"ಮತ್ತೆ ಕರಿ ಅವನನ್ನ" ಎಂದಳು ಅಮ್ಮ. "ಈ ಸಲ ನೀನೂ ಇಲ್ಲಿ ಕೂತ್ಕೊಂಡು ನೋಡು."

ಅವನು ಹಿಂದಕ್ಕೆ ಹೋಗಿ ಅರವತ್ತೇಳನೇ ನಿಮಿಷಕ್ಕೆ ತಂದು ನಿಲ್ಲಿಸಿದ. ಆಮೇಲೆ ರಿಮೋಟು ಕೆಳಗಿಟ್ಟು, ಅಮ್ಮನ ಕುರ್ಚಿಯ ಪಕ್ಕ ನೆಲದ ಮೇಲೆ ಕೂತು, ತಲೆಯೆತ್ತಿ ತಮ್ಮನ ಮುಖ ನೋಡಿದ.